ಕೈಗೊಂದು ಸದ್ದು, ತಲೆಗೊಂದು ಸದ್ದು

ಈ ಸಲ ಬಂದ ಪತ್ರಗಳಲ್ಲಿ ಬಹುಪಾಲು ಒಂದೇ ವಿಷಯದ ಸುತ್ತ ಇದ್ದವು: ಕೆಲಸದ ಹೊತ್ತಿನಲ್ಲಿ ಕಿವಿಗೆ ಬೀಳುವ ಹಾಡು, ಮಾತು, ಸೀರಿಯಲ್, ಕೆಲಸ ಮುಗಿದ ಮೇಲೆ ನೋಡುವ ಆಫೀಸಿನ ಕಥೆಗಳು. ಹಾಗಾಗಿ ಅಂಕಣವನ್ನು ಪೂರ್ತಿ ಅದಕ್ಕೇ ಬಿಟ್ಟುಕೊಟ್ಟಿದ್ದೇವೆ.

ಪ್ರಶ್ನೆ: ದಿನದ ಅರ್ಧ ಹೊತ್ತು ಅಂಕಿಅಂಶ ತುಂಬುತ್ತೇನೆ, ಇನ್ನರ್ಧ ವರದಿ ಬರೆಯುತ್ತೇನೆ. ಅಂಕಿ ತುಂಬುವಾಗ ಹಾಡು ಹಾಕಿಕೊಂಡರೆ ಹೊತ್ತು ಹೋದದ್ದೇ ಗೊತ್ತಾಗುವುದಿಲ್ಲ. ವರದಿ ಬರೆಯಲು ಕೂತರೆ ಅದೇ ಹಾಡು ಕಾಟ ಕೊಡುತ್ತದೆ. ಏಕೆ ಹೀಗೆ?

ಉತ್ತರ: ಹಾಡು ಅದೇ, ಆದರೆ ಅದು ಹೋಗಿ ತಟ್ಟುವ ಜಾಗ ಬೇರೆ. ವಾಕ್ಯ ಕಟ್ಟುವಾಗ ನಾವು ಅದನ್ನು ಬಾಯಿ ಬಿಡದೆ ಒಳಗೊಳಗೇ ಹೇಳಿಕೊಳ್ಳುತ್ತೇವೆ. ಆ ಒಳಮಾತು ನಿಲ್ಲುವುದು ಒಂದೆರಡು ಸೆಕೆಂಡು ಮಾತ್ರ. ಮತ್ತೆ ಹೇಳಿಕೊಳ್ಳದಿದ್ದರೆ ಅಳಿಸಿಹೋಗುತ್ತದೆ. ಹಾಡಿನ ಸಾಹಿತ್ಯ ನೀವು ಬೇಡವೆಂದರೂ ಅದೇ ಜಾಗಕ್ಕೆ ನುಗ್ಗುತ್ತದೆ. 1976ರಲ್ಲಿ ಕೋಲ್ ಮತ್ತು ವೆಲ್ಶ್ ಎಂಬ ಸಂಶೋಧಕರು ಇಂಗ್ಲಿಷ್ ಮಾತಾಡುವವರಿಗೆ ಅಕ್ಷರಗಳ ಸಾಲು ತೋರಿಸಿ, ಜೊತೆಗೆ ಜರ್ಮನ್ ಓದನ್ನು ಕೇಳಿಸಿದರು. ಭಾಷೆ ಗೊತ್ತಿಲ್ಲದಿದ್ದರೂ ಸಾಲು ನೆನಪಿಟ್ಟುಕೊಳ್ಳುವುದು ಕಷ್ಟವಾಯಿತು. ಹಾಗಾಗಿ ‘ಗೊತ್ತಿಲ್ಲದ ಭಾಷೆಯ ಹಾಡು ಹಾಕಿಕೊಳ್ಳಿ, ತೊಂದರೆಯಾಗದು’ ಎನ್ನುವ ಸಲಹೆ ಅರ್ಧ ಮಾತ್ರ ನಿಜ. ಅರ್ಥ ಎಳೆಯುವುದು ತಪ್ಪುತ್ತದೆ, ಮಾತಿನ ಸದ್ದು ಎಳೆಯುವುದು ತಪ್ಪುವುದಿಲ್ಲ. ಸದ್ದು ತಗ್ಗಿಸಿದರೂ ಹೆಚ್ಚು ಲಾಭವಿಲ್ಲ. ಪದಗಳು ಬಿಡಿಬಿಡಿಯಾಗಿ ಕೇಳುವಷ್ಟು ಸದ್ದಿದ್ದರೆ ಸಾಕು, ಅವು ತಮ್ಮ ಕೆಲಸ ಮಾಡುತ್ತವೆ. ಕಾಡುವುದು ಸದ್ದಿನ ಗಾತ್ರಕ್ಕಿಂತ ಅದರ ಬದಲಾವಣೆ. ಫ್ಯಾನಿನ ಗುಂಯ್ಗುಡುವಿಕೆಗೆ ಕಿವಿ ಒಗ್ಗಿಹೋಗುತ್ತದೆ, ಪಕ್ಕದವರ ಫೋನ್ ಮಾತಿಗೆ ಒಗ್ಗುವುದಿಲ್ಲ.

ಅಂಕಿ ತುಂಬುವಾಗಲೂ ಒಂದು ಕಡೆ ಎಚ್ಚರ ಬೇಕು. ಎರಡು ಪುಟಗಳನ್ನು ಅಕ್ಕಪಕ್ಕ ಇಟ್ಟು ಕಣ್ಣಳತೆಯಲ್ಲೇ ನಕಲು ಮಾಡುತ್ತಿದ್ದರೆ ಹಾಡು ಅಷ್ಟಾಗಿ ತೊಂದರೆ ಕೊಡದು. ಒಂದು ಕಡೆ ಹನ್ನೊಂದು ಅಂಕಿಯ ಖಾತೆ ಸಂಖ್ಯೆ ಓದಿ, ಮನಸ್ಸಿನಲ್ಲಿಟ್ಟುಕೊಂಡು, ಪರದೆಯ ಕಿಟಕಿ ಬದಲಿಸಿ ಇನ್ನೊಂದು ಕಡೆ ಹೊಡೆಯುತ್ತಿದ್ದರೆ ಆ ನಡುವಿನ ಮೂರು ಸೆಕೆಂಡಿನಲ್ಲೇ ಅನಾಹುತ. 47 ಹೋಗಿ 74 ಆಗುತ್ತದೆ. ಮೊದಲ ಅಂಕಿಗಳು ಉಳಿಯುತ್ತವೆ, ಕೊನೆಯದೂ ಉಳಿಯುತ್ತದೆ, ಅದಲುಬದಲಾಗುವುದು ನಡುವಿನವು. ತಪ್ಪು ನಡುವೆಯೇ ಕಾಣಿಸುತ್ತಿದ್ದರೆ ಮೊದಲು ಕಿಟಕಿಗಳನ್ನು ಅಕ್ಕಪಕ್ಕ ಜೋಡಿಸಿ, ಸಂಖ್ಯೆಯನ್ನು ಮೂರು ಮೂರಾಗಿ ಒಡೆದು ಓದಿ. ಆಮೇಲೂ ತಪ್ಪು ಬಂದರೆ ಹಾಡು ನಿಲ್ಲಿಸಿ.

ವರದಿಗೆ ನಮ್ಮ ಸಲಹೆ ಇಷ್ಟು. ಮೊದಲ ಕರಡು ಬರೆಯುವಾಗ ಮೌನ, ಇಲ್ಲವೇ ಸಾಹಿತ್ಯವಿಲ್ಲದ, ಏರಿಳಿತ ಕಡಿಮೆ ಇರುವ ವಾದ್ಯ ಸಂಗೀತ. ಪುಟ ಜೋಡಿಸುವುದು, ಕೋಷ್ಟಕದ ಗೆರೆ ಸರಿಮಾಡುವುದು, ಹಳೆಯ ಕಡತ ವಿಂಗಡಿಸುವುದು ಇಂಥ ಹೊತ್ತಿಗೆ ಇಷ್ಟದ ಹಾಡು. ನಿಮ್ಮ ಮಟ್ಟಿಗೆ ಯಾವುದು ಸರಿ ಎಂದು ತಿಳಿಯಬೇಕಾದರೆ ಒಂದೇ ಬಗೆಯ ಕೆಲಸವನ್ನು ಎರಡು ದಿನ ಹಾಡಿನೊಂದಿಗೆ, ಎರಡು ದಿನ ಹಾಡಿಲ್ಲದೆ ಮಾಡಿ, ತಗುಲಿದ ಹೊತ್ತನ್ನೂ ತಿದ್ದಿದ ತಪ್ಪುಗಳನ್ನೂ ಬರೆದಿಡಿ. ‘ಚೆನ್ನಾಗಿ ಸಾಗಿತು’ ಅನ್ನಿಸುವುದನ್ನು ನಂಬಬೇಡಿ. ಹಾಡು ಮನಸ್ಸನ್ನು ಹಗುರ ಮಾಡುತ್ತದೆ, ಆ ಹಗುರವನ್ನೇ ನಾವು ವೇಗ ಎಂದುಕೊಳ್ಳುತ್ತೇವೆ.

ಪ್ರಶ್ನೆ: ಮನೆಯಿಂದಲೇ ಕೆಲಸ, ಮನೆಯಲ್ಲಿ ನಾನೊಬ್ಬಳೇ. ಆಫೀಸಿನಲ್ಲಿ ನಡೆಯುವ ಹಾಸ್ಯ ಸರಣಿಯೊಂದನ್ನು ಇಡೀ ದಿನ ಪರದೆಯ ಮೂಲೆಯಲ್ಲಿ ಓಡಿಸಿಟ್ಟಿರುತ್ತೇನೆ. ಜೊತೆಗೆ ಜನ ಇದ್ದ ಹಾಗಿರುತ್ತದೆ. ಇದು ತಪ್ಪೇ?

ಉತ್ತರ: ತಪ್ಪೇನೂ ಅಲ್ಲ. ಪರದೆಯ ಮೇಲಿನವರ ಜೊತೆ ಬೆಳೆಯುವ ಒಂದು ಕಡೆಯ ಸ್ನೇಹವನ್ನು ಹಾರ್ಟನ್ ಮತ್ತು ವೋಲ್ ಎಂಬಿಬ್ಬರು 1956ರಲ್ಲೇ ವಿವರಿಸಿದ್ದರು. ಅದು ಮನುಷ್ಯಸಹಜ. ಒಂಟಿತನ ಕಳೆಯಲು ನೀವು ಕಂಡುಕೊಂಡ ದಾರಿಯನ್ನು ಬಿಡಿ ಎನ್ನಲು ನಮಗೆ ಮನಸ್ಸಿಲ್ಲ. ಆದರೆ ಆರಿಸಿಕೊಂಡ ಬಗೆಯಲ್ಲಿ ಒಂದು ಎಡವಟ್ಟಿದೆ. ಆಫೀಸಿನ ಕಥೆಯಲ್ಲಿ ಬರುವ ಸದ್ದುಗಳೆಲ್ಲ ನಿಮ್ಮ ಕೆಲಸದ ಸದ್ದುಗಳೇ: ಮೇಜಿನ ಫೋನ್ ರಿಂಗು, ಮೇಲ್ ಬಂದ ಟಿಣ್ ಸದ್ದು, ಬಾಗಿಲು ತಟ್ಟಿ ‘ಒಂದು ನಿಮಿಷ ಬರ್ತೀರಾ’ ಎನ್ನುವ ದನಿ. ಇವಕ್ಕೆ ತಲೆ ಎತ್ತಬೇಕೆಂದು ವರ್ಷಗಟ್ಟಲೆ ನಿಮ್ಮ ಕಿವಿ ಪಳಗಿದೆ. ಪ್ರತಿ ಸಲವೂ ಅದು ‘ನನಗೋ?’ ಎಂದು ಕೇಳಿ, ಅಲ್ಲ ಎಂದು ತಿಳಿದು, ಮತ್ತೆ ಕೆಲಸಕ್ಕೆ ಮರಳಬೇಕು. ಕೆಲಸದ ಹೊತ್ತಿನ ಹಿನ್ನೆಲೆಗೆ ಅಡುಗೆ, ತೋಟ, ಪ್ರವಾಸದ ಕಾರ್ಯಕ್ರಮಗಳು ಆಫೀಸಿನ ಕಥೆಗಿಂತ ಎಷ್ಟೋ ವಾಸಿ.

ಅದೇ ಸರಣಿ ಬೇಕೆಂದರೆ ಕೆಲವು ಬದಲಾವಣೆ ಮಾಡಿಕೊಳ್ಳಿ. ನೋಡಿ ಮುಗಿಸಿದ ಕಂತುಗಳನ್ನೇ ಹಾಕಿ. ಮುಂದೇನು ಎಂಬ ಕುತೂಹಲ ಇಲ್ಲದಿದ್ದರೆ ಎಳೆತ ಅರ್ಧ ಇಳಿಯುತ್ತದೆ. ಚಿತ್ರ ಮೂಲೆಯಲ್ಲಿ ಬೇಡ. ಅಂಚಿನಲ್ಲಿ ಏನು ಅಲುಗಿದರೂ ಕಣ್ಣು ತಾನಾಗಿ ಅತ್ತ ಹೋಗುತ್ತದೆ, ಅದನ್ನು ತಡೆಯುವುದು ನಿಮ್ಮ ಕೈಯಲ್ಲಿಲ್ಲ. ಕಿಟಕಿಯನ್ನು ಹಿಂದೆ ಸರಿಸಿ ಸದ್ದು ಮಾತ್ರ ಉಳಿಸಿಕೊಳ್ಳಿ. ಅಡಿಬರಹ ಕಡ್ಡಾಯವಾಗಿ ಆಫ್ ಇರಲಿ. ಅಕ್ಷರ ಕಂಡರೆ ಓದದೆ ಇರಲು ಓದು ಬಲ್ಲ ಯಾರಿಗೂ ಸಾಧ್ಯವಿಲ್ಲ. ಆಟೋಪ್ಲೇ ಕೂಡ ನಿಲ್ಲಿಸಿ. ಅರ್ಧ ಗಂಟೆಯ ಹಾಸ್ಯ ಸರಣಿಯ ಕಂತು ಜಾಹೀರಾತು ಬಿಟ್ಟರೆ ಸುಮಾರು 22 ನಿಮಿಷ. ಅದು ಮುಗಿದು ಮೌನವಾದಾಗ ಎದ್ದು ಬೆನ್ನು ನೆಟ್ಟಗೆ ಮಾಡಿ, ನೀರು ಕುಡಿದು ಬನ್ನಿ. ಕಂತೇ ಗಡಿಯಾರವಾಗುತ್ತದೆ. ಆಟೋಪ್ಲೇ ಇದ್ದರೆ ಆ ಅಂಚೇ ಅಳಿಸಿಹೋಗಿ ಮಧ್ಯಾಹ್ನ ಯಾವಾಗ ಆಯಿತೆಂದು ತಿಳಿಯುವುದಿಲ್ಲ.

ಡೇಟಾ ಲೆಕ್ಕವನ್ನೂ ನೋಡಿಕೊಳ್ಳಿ. ಸೆಕೆಂಡಿಗೆ 5 ಮೆಗಾಬಿಟ್‌ನ ವಿಡಿಯೊ ಗಂಟೆಗೆ 2.25 ಜಿಬಿ ನುಂಗುತ್ತದೆ. 128 ಕಿಲೋಬಿಟ್‌ನ ಆಡಿಯೊ 58 ಎಂಬಿಯಲ್ಲಿ ಮುಗಿಯುತ್ತದೆ. ನೋಡದ ಚಿತ್ರಕ್ಕೆ ಅಷ್ಟು ಡೇಟಾ ಸುರಿದರೆ ನಿಮ್ಮದೇ ವಿಡಿಯೊ ಮೀಟಿಂಗ್ ತೊದಲುತ್ತದೆ.

ಪ್ರಶ್ನೆ: ಬ್ಲೂಟೂತ್ ಹೆಡ್‌ಫೋನಿನಲ್ಲಿ ಹಾಡು ಚೆನ್ನಾಗಿಯೇ ಬರುತ್ತದೆ. ಮೀಟಿಂಗಿಗೆ ಸೇರಿದ ಕೂಡಲೇ ಡಬ್ಬದೊಳಗಿಂದ ಬಂದಂತೆ ಕೇಳುತ್ತದೆ, ಸದ್ದೂ ಕುಸಿಯುತ್ತದೆ. ಹೆಡ್‌ಫೋನ್ ಕೆಟ್ಟಿದೆಯೇ?

ಉತ್ತರ: ಕೆಟ್ಟಿಲ್ಲ. ನೀವು ಹೇಳಿದ್ದು ಎರಡು ಬೇರೆ ಬೇರೆ ತೊಂದರೆ.

ಡಬ್ಬದ ದನಿಗೆ ಕಾರಣ ಬ್ಲೂಟೂತ್ ಪ್ರೊಫೈಲ್, ಅಂದರೆ ಸದ್ದು ಸಾಗುವ ದಾರಿ. ಹಾಡು ಕೇಳುವಾಗ ಎ2ಡಿಪಿ ಎಂಬ ಒಂದು ದಿಕ್ಕಿನ ಸ್ಟೀರಿಯೊ ದಾರಿ ತೆರೆದಿರುತ್ತದೆ. ಹೆಡ್‌ಫೋನಿನ ಮೈಕ್ ಬೇಕಾದ ಕ್ಷಣಕ್ಕೆ ಅದು ಎಚ್‌ಎಫ್‌ಪಿ ಎಂಬ ಎರಡು ದಿಕ್ಕಿನ ದಾರಿಗೆ ಹೊರಳುತ್ತದೆ. ಅದು ಮೊನೊ, ದನಿಯನ್ನು ಅಳೆಯುವ ವೇಗ (ಸ್ಯಾಂಪಲಿಂಗ್) ಸಾಮಾನ್ಯವಾಗಿ 8 ಅಥವಾ 16 ಕಿಲೋಹರ್ಟ್ಸ್ ಮಾತ್ರ, ಹಾಗಾಗಿ ಎತ್ತರದ ಶ್ರುತಿಗಳು ಕಳೆದುಹೋಗುತ್ತವೆ. ಪರಿಹಾರ ಸುಲಭ: ಮೀಟಿಂಗ್ ಆ್ಯಪ್‌ನ ಆಡಿಯೊ ಸೆಟ್ಟಿಂಗ್ಸ್‌ನಲ್ಲಿ ಸ್ಪೀಕರ್ ಎಂದು ಹೆಡ್‌ಫೋನನ್ನೂ, ಮೈಕ್ ಎಂದು ಲ್ಯಾಪ್‌ಟಾಪಿನದ್ದನ್ನೋ ತಂತಿಯ ಮೈಕನ್ನೋ ಆರಿಸಿ. ಹೆಡ್‌ಫೋನಿನ ಮೈಕ್ ಯಾವ ಆ್ಯಪ್‌ಗೂ ಬೇಡವಾದ ಮೇಲೆ ಅದು ಮೊದಲ ದಾರಿಯಲ್ಲೇ ಉಳಿಯುತ್ತದೆ.

ಸದ್ದು ಕುಸಿಯುವುದು ವಿಂಡೋಸ್‌ನ ಏರ್ಪಾಡು. ಕರೆ ಶುರುವಾದದ್ದು ತಿಳಿದರೆ ಉಳಿದ ಸದ್ದನ್ನು ಶೇಕಡಾ 80ರಷ್ಟು ಇಳಿಸುವಂತೆ ಮೊದಲೇ ಹೊಂದಿಸಿರುತ್ತಾರೆ. ಕಂಟ್ರೋಲ್ ಪ್ಯಾನೆಲ್, ಸೌಂಡ್, ಕಮ್ಯುನಿಕೇಶನ್ಸ್ ಟ್ಯಾಬ್ ತೆರೆದು ‘ಡು ನಥಿಂಗ್’ ಆರಿಸಿದರೆ ನಿಲ್ಲುತ್ತದೆ. ಆದರೂ ನಿಮ್ಮ ಹಾಡು ಸ್ಪೀಕರಿನಿಂದ ಹೊರಗೆ ಬರುತ್ತಿದ್ದರೆ ಮೀಟಿಂಗಿನಲ್ಲಿ ಬೇಡ. ಆ್ಯಪ್‌ನ ಗದ್ದಲ ಅಳಿಸುವ ವ್ಯವಸ್ಥೆ ಸಂಗೀತವನ್ನು ಗದ್ದಲವೆಂದೇ ಎಣಿಸಿ ಕತ್ತರಿಸುತ್ತದೆ; ಕತ್ತರಿ ತಪ್ಪಿದಾಗ ನಿಮ್ಮ ಮಾತಿನ ತುದಿಯೂ ಹೋಗುತ್ತದೆ. ಪರದೆ ಹಂಚುವಾಗ ಇಡೀ ಪರದೆಯ ಬದಲು ಒಂದು ಕಿಟಕಿ ಮಾತ್ರ ಹಂಚಿ, ಸದ್ದು ಹಂಚುವ ಗುರುತನ್ನು ತೆಗೆಯಿರಿ.

ಪ್ರಶ್ನೆ: ನನ್ನ ವಿಭಾಗದಲ್ಲಿ ಮೂವತ್ತು ಜನ ಪ್ಯಾಕಿಂಗ್ ಕೆಲಸ ಮಾಡುತ್ತಾರೆ. ಸ್ಪೀಕರ್ ಹಾಕಿ ಹಾಡು ಕೇಳಿಸಿದರೆ ಬೇಸರ ಕಡಿಮೆಯಾದೀತೇ? ದಿನವಿಡೀ ಹಾಕಬಹುದೇ?

ಉತ್ತರ: ಬೇಸರ ಕಡಿಮೆಯಾಗುತ್ತದೆ. ಆದರೆ ದಿನವಿಡೀ ಬೇಡ. ಇದನ್ನು ಪ್ರಯೋಗ ಮಾಡಿ ನೋಡಿದವರ ಅನುಭವ ನಿಮ್ಮ ಮುಂದಿದೆ. ಬಿಬಿಸಿ 1940ರ ಜೂನ್‌ನಲ್ಲಿ ಕಾರ್ಖಾನೆಗಳಿಗಾಗಿ ಶುರುಮಾಡಿದ ‘ಮ್ಯೂಸಿಕ್ ವೈಲ್ ಯು ವರ್ಕ್’ ಬರುತ್ತಿದ್ದುದು ಅರ್ಧರ್ಧ ಗಂಟೆಯ ಕಾರ್ಯಕ್ರಮವಾಗಿ, ಬೆಳಿಗ್ಗೆಯೊಮ್ಮೆ, ಮಧ್ಯಾಹ್ನವೊಮ್ಮೆ. ಕೈ ಸೋಲುವ ಹೊತ್ತು ಅದು. ನಡುವೆ ಮಾತಿಲ್ಲ, ಪರಿಚಿತ ಧಾಟಿಗಳು, ಸದ್ದು ಒಮ್ಮೆಗೇ ಏರುವುದಿಲ್ಲ, ಇಳಿಯುವುದಿಲ್ಲ, ಏಕೆಂದರೆ ಇಳಿದರೆ ಯಂತ್ರದ ಗದ್ದಲದಲ್ಲಿ ಕೇಳಿಸುವುದೇ ಇಲ್ಲ. ಚಪ್ಪಾಳೆ ತಟ್ಟಿಸುವ ಜನಪ್ರಿಯ ಹಾಡೊಂದನ್ನು ಅವರು ದೂರವಿಟ್ಟಿದ್ದರು, ಕೆಲಸಗಾರರು ಕೈಯಲ್ಲಿದ್ದ ಉಪಕರಣವನ್ನೇ ಬಡಿದು ತಾಳ ಹಾಕುತ್ತಾರೆಂದು. ಅಮೆರಿಕದ ಮ್ಯೂಜಾಕ್ ಕಂಪನಿ ಇನ್ನೂ ಮುಂದೆ ಹೋಗಿ, 15 ನಿಮಿಷ ಮೆಲ್ಲನೆ ಹುರುಪು ಏರುವ ಸಂಗೀತ, ಆಮೇಲೆ 15 ನಿಮಿಷ ಮೌನ ಎಂಬ ಕ್ರಮ ಮಾಡಿತ್ತು. ಆ ಮೌನವನ್ನು ನಾವು ಒತ್ತಿ ಹೇಳುತ್ತೇವೆ. ನಿಲ್ಲದ ಹಾಡು ಒಂದು ವಾರದಲ್ಲಿ ಫ್ಯಾನಿನ ಸದ್ದಾಗುತ್ತದೆ. ಹುರುಪು ಬರುವುದು ಮೌನದ ನಂತರ ಮೊದಲ ಹಾಡು ಶುರುವಾದಾಗ.

ಮಾಡುವ ಕ್ರಮ ಹೀಗಿರಲಿ. ಮೊದಲು ಹಾಡಿಲ್ಲದಾಗಿನ ಗದ್ದಲ ಅಳೆಯಿರಿ. ಫೋನಿನ ಆ್ಯಪ್ ಅಂದಾಜಿಗೆ ಸಾಕು, ತೀರ್ಮಾನಕ್ಕೆ ಸರಿಯಾದ ಮೀಟರ್ ಬೇಕು. ಯಂತ್ರಗಳೇ 80 ಡೆಸಿಬೆಲ್ ದಾಟಿದ್ದರೆ ಅದರ ಮೇಲೆ ಹಾಡು ಏರಿಸುವ ಯೋಚನೆಯನ್ನು ಬಿಟ್ಟುಬಿಡಿ. ಕಿವಿಯ ಸುರಕ್ಷತೆಗೆ ವ್ಯಾಪಕವಾಗಿ ಬಳಸುವ ಲೆಕ್ಕದಲ್ಲಿ 85 ಡೆಸಿಬೆಲ್‌ಗೆ ದಿನಕ್ಕೆ 8 ಗಂಟೆ ಮಿತಿ, 88ಕ್ಕೆ 4 ಗಂಟೆ, 91ಕ್ಕೆ 2 ಗಂಟೆ. ಪ್ರತಿ 3 ಡೆಸಿಬೆಲ್‌ಗೆ ಹೊತ್ತು ಅರ್ಧವಾಗುತ್ತಾ ಹೋಗುತ್ತದೆ. ಗದ್ದಲ ಕಡಿಮೆ ಇದ್ದರೆ ಒಂದು ದೊಡ್ಡ ಸ್ಪೀಕರಿನ ಬದಲು ನಾಲ್ಕಾರು ಸಣ್ಣವನ್ನು ಹರಡಿ ಹಾಕಿ. ಒಂದೇ ಸ್ಪೀಕರ್ ಆದರೆ ದೂರದವರಿಗೆ ಕೇಳಿಸಲೆಂದು ಏರಿಸಿದ ಸದ್ದನ್ನು ಹತ್ತಿರದವರು ಸಹಿಸಬೇಕಾಗುತ್ತದೆ. ಎರಡು ಮೀಟರ್ ದೂರದಲ್ಲಿರುವ ಇಬ್ಬರು ದನಿ ಏರಿಸದೆ ಮಾತಾಡುವಂತಿದ್ದರೆ ಸದ್ದು ಹದವಾಗಿದೆ. ಫೋರ್ಕ್‌ಲಿಫ್ಟ್‌ನ ಹಾರ್ನು, ಬೆಂಕಿಯ ಎಚ್ಚರಿಕೆ ಗಂಟೆ ಹಾಡಿನ ನಡುವೆಯೂ ಕೇಳಿಸುತ್ತದೆಯೇ ಎಂದು ನಿಜವಾಗಿ ಬಾರಿಸಿಯೇ ನೋಡಿ. ಗಂಟೆ ಬಾರಿಸಿದರೆ ಸಂಗೀತ ತಾನಾಗಿ ಕಡಿತಗೊಳ್ಳುವ ಜೋಡಣೆ ಮಾಡಿಸಿದರೆ ಇನ್ನೂ ಒಳ್ಳೆಯದು. ಓಡಾಡುವ ಯಂತ್ರಗಳಿರುವ ಕಡೆ ಒಬ್ಬೊಬ್ಬರೂ ಇಯರ್‌ಬಡ್ ಹಾಕಿಕೊಳ್ಳಲು ಬಿಡಲೇಬೇಡಿ.

ಹಾಡು ಆರಿಸುವುದು ನಿಮ್ಮ ಕೆಲಸವಲ್ಲ, ಅವರದು. ಕ್ಯೂಬಾದ ಸುರುಟು ಕಾರ್ಖಾನೆಗಳಲ್ಲಿ 1865ರಿಂದ ಓದುಗಾರರ ಪದ್ಧತಿ ಇದೆ: ಎಲೆ ಸುತ್ತುವವರಿಗೆ ಒಬ್ಬರು ಎತ್ತರದ ಪೀಠದಲ್ಲಿ ಕೂತು ಪತ್ರಿಕೆ, ಕಾದಂಬರಿಗಳನ್ನು ಗಟ್ಟಿಯಾಗಿ ಓದುತ್ತಾರೆ. ಹಿಂದೆ ಅವರಿಗೆ ಸಂಬಳ ಕೊಡುತ್ತಿದ್ದವರು, ಏನು ಓದಬೇಕೆಂದು ತೀರ್ಮಾನಿಸುತ್ತಿದ್ದವರು ಆ ಕೆಲಸಗಾರರೇ. ಪದ್ಧತಿ ಅಷ್ಟು ಕಾಲ ಬಾಳಿದ್ದರಲ್ಲಿ ಆ ಹಕ್ಕಿನ ಪಾಲು ದೊಡ್ಡದೆಂದು ನಮ್ಮ ನಂಬಿಕೆ. ಎಲೆ ಸುತ್ತುವುದು ಪಳಗಿದ ಕೈಯ ಕೆಲಸವಾದ್ದರಿಂದ ಕಥೆ ಅಲ್ಲಿ ಹೊಂದಿಕೊಂಡಿತು. ನಿಮ್ಮ ಪ್ಯಾಕಿಂಗಿಗೂ ಹೊಂದೀತು; ಲೇಬಲ್ ಓದಿ ವಿಳಾಸ ತಾಳೆ ನೋಡುವ ಮೇಜಿಗೆ ಹೊಂದದು. ಆ ಮೇಜನ್ನು ಸ್ಪೀಕರಿನಿಂದ ದೂರ ಇಡಿ. ವಾರಕ್ಕೊಬ್ಬರು ಪಟ್ಟಿ ಮಾಡಲಿ. ಯಾರಾದರೂ ಒಂದು ಹಾಡು ಬೇಡವೆಂದರೆ ಕಾರಣ ಕೇಳದೆ ತೆಗೆಯಿರಿ.

ಇನ್ನೊಂದು ಮಾತು. ಸಂಗೀತ ಆ್ಯಪ್‌ಗಳ ವೈಯಕ್ತಿಕ ಚಂದಾ ಸ್ವಂತ ಬಳಕೆಗೆ ಮಾತ್ರ. ಕೆಲಸದ ಜಾಗದಲ್ಲಿ ಎಲ್ಲರಿಗೂ ಕೇಳಿಸಲು ಹೆಚ್ಚಿನ ದೇಶಗಳಲ್ಲಿ ಬೇರೆ ಪರವಾನಗಿ ಬೇಕು. ಮೊದಲೇ ಮಾಡಿಸಿಕೊಳ್ಳಿ.

ಪ್ರಶ್ನೆ: ಗದ್ದಲ ತಡೆಯುವ ಇಯರ್‌ಬಡ್ ಕೊಂಡೆ. ಎಸಿಯ ಸದ್ದು ಮಾಯವಾಯಿತು, ಪಕ್ಕದವರ ಮಾತು ಮೊದಲಿಗಿಂತ ಸ್ಪಷ್ಟವಾಗಿ ಕೇಳುತ್ತದೆ! ಏನು ಮಾಡಲಿ?

ಉತ್ತರ: ಅದು ಕೆಲಸ ಮಾಡುವ ಬಗೆಯೇ ಹಾಗೆ. ಹೊರಗಿನ ಸದ್ದಿನ ಅಲೆಗೆ ಸರಿಯಾಗಿ ತಿರುವುಮುರುವಾದ ಅಲೆ ಹುಟ್ಟಿಸಿ ಎರಡನ್ನೂ ಅಳಿಸುತ್ತದೆ. ಎಸಿ, ಎಂಜಿನ್‌ನಂಥ ತಗ್ಗು ಶ್ರುತಿಯ, ಒಂದೇ ಸಮನೆ ಬರುವ ಸದ್ದಿಗೆ ಇದು ಚೆನ್ನಾಗಿ ಒಪ್ಪುತ್ತದೆ. ಮಾತು ಕ್ಷಣಕ್ಷಣಕ್ಕೂ ಬದಲಾಗುತ್ತದೆ, ಅದರ ವ್ಯಂಜನಗಳು ಎತ್ತರದ ಶ್ರುತಿಯಲ್ಲಿರುತ್ತವೆ. ಅವನ್ನು ತಡೆಯಬೇಕಾದದ್ದು ಕಿವಿಯ ಬಾಯಿ ಮುಚ್ಚುವ ರಬ್ಬರ್ ತುದಿ. ಅಷ್ಟೇ ಅಲ್ಲ, ಮಾತನ್ನು ಇಷ್ಟು ದಿನ ಮಸುಕು ಮಾಡುತ್ತಿದ್ದ ಎಸಿ ಸದ್ದನ್ನೇ ನೀವು ತೆಗೆದುಹಾಕಿದ್ದೀರಿ.

ಡಬ್ಬಿಯಲ್ಲಿ ಬಂದ ಎಲ್ಲ ಅಳತೆಯ ತುದಿಗಳನ್ನೂ ಹಾಕಿ ನೋಡಿ. ಎಡ ಬಲ ಕಿವಿಗೆ ಬೇರೆ ಬೇರೆ ಅಳತೆ ಬೇಕಾಗುವುದು ಸಾಮಾನ್ಯ. ಸರಿಯಾಗಿ ಕೂತರೆ ನಿಮ್ಮ ಸ್ವಂತ ದನಿ ತಲೆಯೊಳಗೆ ದುಮ್ಮಾಗಿ ಕೇಳುತ್ತದೆ, ಅದೇ ಗುರುತು. ಆಮೇಲೆ ತೆಳ್ಳಗೆ ಮಳೆಯ ಸದ್ದನ್ನೋ ಪಿಂಕ್ ನಾಯ್ಸನ್ನೋ ಹಾಕಿ. ಎಲ್ಲ ಶ್ರುತಿಗೂ ಸಮನಾಗಿ ಶಕ್ತಿ ಹಂಚಿದ ವೈಟ್ ನಾಯ್ಸ್ ‘ಸ್‌ಸ್’ ಎಂದು ಕಿವಿಗೆ ಚುಚ್ಚುತ್ತದೆ. ಪಿಂಕ್‌ನಲ್ಲಿ ಪ್ರತಿ ಅಷ್ಟಕಕ್ಕೆ, ಅಂದರೆ ಶ್ರುತಿ ಇಮ್ಮಡಿಯಾದಾಗಲೆಲ್ಲ, 3 ಡೆಸಿಬೆಲ್ ಇಳಿಯುವುದರಿಂದ ಮೃದು. ಬ್ರೌನ್‌ನಲ್ಲಿ 6 ಇಳಿಯುತ್ತದೆ. ಕೇಳಲು ಹಿತ, ಆದರೆ ಎತ್ತರದ ಶ್ರುತಿ ಕಡಿಮೆಯಾದ್ದರಿಂದ ಮಾತನ್ನು ಮುಚ್ಚುವುದರಲ್ಲಿ ಹಿಂದೆ. ಸದ್ದನ್ನು ಸೊನ್ನೆಯಿಂದ ಮೆಲ್ಲನೆ ಏರಿಸಿ, ಪಕ್ಕದವರು ಮಾತಾಡುತ್ತಿದ್ದಾರೆ ಎಂದು ಗೊತ್ತಾಗಬೇಕು, ಏನು ಎಂದು ಗೊತ್ತಾಗಬಾರದು, ಅಲ್ಲಿಗೆ ನಿಲ್ಲಿಸಿ. ಪೂರ್ತಿ ಅಳಿಸಲು ಹೋದರೆ ಸಂಜೆಗೆ ಕಿವಿ ಗುಂಯ್ ಎನ್ನುತ್ತದೆ. ವಿಶ್ವ ಆರೋಗ್ಯ ಸಂಸ್ಥೆಯ ಮಾರ್ಗಸೂಚಿಯಲ್ಲಿ ದೊಡ್ಡವರಿಗೆ 80 ಡೆಸಿಬೆಲ್‌ನಲ್ಲಿ ವಾರಕ್ಕೆ 40 ಗಂಟೆ ಮಿತಿ. ನಿಮ್ಮ ಕೆಲಸದ ವಾರವೇ ಅಷ್ಟಿರಬಹುದು, ಮನೆಯಲ್ಲಿ ಕೇಳುವುದೂ ಅದೇ ಲೆಕ್ಕಕ್ಕೆ ಸೇರುತ್ತದೆ.

ಪ್ರಶ್ನೆ: ರಾತ್ರಿ ಊಟವಾದ ಮೇಲೆ ಕಾರ್ಪೊರೇಟ್ ಜಗಳಗಳ ವೆಬ್ ಸರಣಿ ನೋಡುತ್ತೇನೆ. ಮಲಗಿದರೆ ಕಥೆಯ ಬಾಸ್ ಹೋಗಿ ನನ್ನ ಬಾಸ್ ಬರುತ್ತಾರೆ. ಬೇರೆಯವರಿಗೂ ಹೀಗಾಗುತ್ತದೆಯೇ?

ಉತ್ತರ: ಆಗುತ್ತದೆ. ಕೆಲಸದ ದಣಿವು ಆರಬೇಕಾದರೆ ಮೈ ಕೂತರೆ ಸಾಲದು, ಮನಸ್ಸೂ ಕೆಲಸದಿಂದ ಎದ್ದು ಬರಬೇಕು. ಜೊನೆನ್‌ಟಾಗ್ ಮತ್ತು ಫ್ರಿಟ್ಜ್ ಎಂಬ ಸಂಶೋಧಕರು 2007ರಲ್ಲಿ ಬಿಡುವಿನ ಅನುಭವವನ್ನು ನಾಲ್ಕಾಗಿ ಗುರುತಿಸಿದರು: ಕೆಲಸದಿಂದ ಮನಸ್ಸು ಬಿಡಿಸಿಕೊಳ್ಳುವುದು, ಮೈಮನ ಸಡಿಲವಾಗುವುದು, ಹೊಸದನ್ನು ಕಲಿತು ಕೈಗೂಡಿಸಿಕೊಳ್ಳುವುದು, ಹೊತ್ತು ತನ್ನ ಹಿಡಿತದಲ್ಲಿರುವುದು. ನೀವು ನೋಡುವ ಸರಣಿ ಮೊದಲನೆಯದನ್ನೇ ಕೆಡಿಸುತ್ತಿದೆ. ದಾದಿಯೊಬ್ಬರು ಆಸ್ಪತ್ರೆಯ ಸೀರಿಯಲ್ ನೋಡುವಾಗ ‘ಆ ಸೂಜಿ ಹಾಗೆ ಹಿಡಿಯುವುದಲ್ಲ’ ಎಂದು ತಿದ್ದುತ್ತಾ ಕೂರುತ್ತಾರೆ, ಅಂದರೆ ಡ್ಯೂಟಿ ಮುಗಿದಿಲ್ಲ. ಅದೇ ದಾದಿ ವಕೀಲರ ಕಥೆ ನೋಡಿದರೆ ಆರಾಮ. ಹಾಗಾಗಿ ಬೇರೆಯವರ ವೃತ್ತಿಯ ಕಥೆ ನೋಡಿ, ಅದು ನಮ್ಮ ಸ್ಪಷ್ಟ ಸಲಹೆ.

ಬಿಡಲಾರೆ ಎಂದರೆ ಕೆಲಸ ಮುಚ್ಚುವ ಮುನ್ನ ನಾಳೆಯ ಮೊದಲ ಮೂರು ಕೆಲಸಗಳನ್ನು ಕಾಗದದಲ್ಲಿ ಬರೆದಿಡಿ, ಮಲಗುವುದಕ್ಕೆ ಒಂದು ಗಂಟೆ ಮುಂಚೆ ಪರದೆ ಆರಿಸಿ. ಕಂತಿನ ಕೊನೆಗೆ ನಿಲ್ಲಿಸಬೇಡಿ. ಅಲ್ಲಿ ಬೇಕೆಂದೇ ಗಂಟು ಹಾಕಿರುತ್ತಾರೆ. ಮುಂದಿನ ಕಂತಿನ ಮೊದಲ ಐದು-ಹತ್ತು ನಿಮಿಷದಲ್ಲಿ ಆ ಗಂಟು ಬಿಚ್ಚಿಕೊಳ್ಳುತ್ತದೆ. ಅಷ್ಟು ನೋಡಿ, ಹೊಸ ಗಂಟು ಬೀಳುವ ಮೊದಲು ನಿಲ್ಲಿಸಿ.

ಪ್ರಶ್ನೆ: ಆಸ್ಪತ್ರೆಯ ಸರಣಿಗಳನ್ನು ನೋಡಿ ಮಗಳು ಡಾಕ್ಟರ್ ಆಗುತ್ತೇನೆ ಎನ್ನುತ್ತಾಳೆ. ನಂಬಬಹುದೇ?

ಉತ್ತರ: ಆಸೆಯನ್ನು ನಂಬಿ, ಚಿತ್ರವನ್ನು ತಿದ್ದಿ. 1996ರಲ್ಲಿ ‘ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್’ನಲ್ಲಿ ಬಂದ ಅಧ್ಯಯನವೊಂದು ಮೂರು ಟಿವಿ ಕಾರ್ಯಕ್ರಮಗಳ 97 ಕಂತುಗಳನ್ನು ನೋಡಿತು. ಹೃದಯ ನಿಂತಾಗ ಎದೆ ಒತ್ತಿ ಉಸಿರು ಕೊಟ್ಟ ಪ್ರಸಂಗಗಳಲ್ಲಿ ಶೇಕಡಾ 75 ಮಂದಿ ಆ ಕ್ಷಣಕ್ಕೆ ಬದುಕಿಕೊಂಡಿದ್ದರು. ನಿಜದ ಆಸ್ಪತ್ರೆಗಳಲ್ಲಿ ಆ ಪ್ರಮಾಣ ಬಹಳ ಕೆಳಗಿದೆ. ಕಥೆ ಬಿಟ್ಟುಬಿಡುವುದು ಸೋಲನ್ನು ಮಾತ್ರವಲ್ಲ, ಕಾಯುವುದನ್ನು, ಕಡತ ಬರೆಯುವುದನ್ನು, ಒಂದೇ ಪ್ರಶ್ನೆಯನ್ನು ದಿನಕ್ಕೆ ನಲವತ್ತು ಸಲ ಕೇಳುವುದನ್ನು. ಪರಿಚಯದ ವೈದ್ಯರೊಬ್ಬರ ಬಳಿ ಮಗಳನ್ನು ಕೂರಿಸಿ, ನಿನ್ನೆಯ ದಿನವನ್ನು ಗಂಟೆ ಗಂಟೆಯಾಗಿ ಹೇಳಲು ಕೇಳಿಕೊಳ್ಳಿ. ‘ನಿಮ್ಮ ಕೆಲಸ ಹೇಗಿದೆ’ ಎಂದು ಕೇಳಿದರೆ ಅವರೂ ಕಥೆ ಹೇಳುತ್ತಾರೆ. ‘ನಿನ್ನೆ ಹತ್ತು ಗಂಟೆಗೆ ಏನು ಮಾಡುತ್ತಿದ್ದಿರಿ’ ಎಂದರೆ ನಿಜ ಬರುತ್ತದೆ. ಅದನ್ನು ಕೇಳಿಯೂ ಕಣ್ಣಿನಲ್ಲಿ ಹೊಳಪು ಉಳಿದರೆ ಮಗಳ ಬೆನ್ನಿಗೆ ನಿಲ್ಲಿ.

ಪ್ರಶ್ನೆ: ಬೆಳಿಗ್ಗೆ ಕೇಳಿದ ಹಾಡಿನ ಒಂದೇ ಸಾಲು ಸಂಜೆವರೆಗೂ ತಲೆಯಲ್ಲಿ ಗಿರಕಿ ಹೊಡೆಯುತ್ತದೆ. ಬಿಡಿಸಿಕೊಳ್ಳುವುದು ಹೇಗೆ?

ಉತ್ತರ: ಹಾಡನ್ನು ಒಮ್ಮೆ ಮೊದಲಿನಿಂದ ಕೊನೆವರೆಗೆ ಗಮನವಿಟ್ಟು ಕೇಳಿಬಿಡಿ. ಅದಕ್ಕೂ ಜಗ್ಗದಿದ್ದರೆ ಚೂಯಿಂಗ್ ಗಮ್ ಜಗಿಯಿರಿ. ಬ್ರಿಟನ್ನಿನ ರೆಡಿಂಗ್ ವಿಶ್ವವಿದ್ಯಾಲಯದವರು 2015ರಲ್ಲಿ ಪ್ರಯೋಗ ಮಾಡಿ, ಜಗಿಯುವಾಗ ಹಾಡಿನ ಕಾಟ ಕಡಿಮೆಯಾಗುವುದನ್ನು ಕಂಡರು. ಒಳಗೊಳಗೇ ಹಾಡಿಕೊಳ್ಳಲು ನಾಲಿಗೆ ದವಡೆಗಳ ಸಿದ್ಧತೆ ಬೇಕು, ಜಗಿಯುವ ಬಾಯಿಗೆ ಆ ಬಿಡುವಿರುವುದಿಲ್ಲ. ಮೀಟಿಂಗಿಗೆ ಮುಂಚೆ ಉಗಿಯಲು ಮರೆಯಬೇಡಿ, ಹೆಡ್‌ಸೆಟ್‌ನ ಮೈಕ್ ಜಗಿಯುವ ಸದ್ದನ್ನೂ ಹಿಡಿಯುತ್ತದೆ.